ಉತ್ಪಲ್ ದತ್

ಉತ್ಪಲ್ ದತ್ (1929–1993). ಬಂಗಾಳಿ ನಾಟಕಕಾರ, ರಂಗ ನಿರ್ದೇಶಕ, ನಟ; ಬಂಗಾಳಿ, ಹಿಂದಿ, ಇಂಗ್ಲಿಷ್ ಚಿತ್ರಗಳಲ್ಲಿ ನಾಲ್ಕು ದಶಕ ದುಡಿದವರು. ಬಂಗಾಳದ ಆಚೆ ಬಹುಪಾಲು ಜನ ಇವರನ್ನು ಬಲ್ಲದ್ದು ‘ಗೋಲ್‌ಮಾಲ್’ ಚಿತ್ರದ ಭವಾನಿ ಶಂಕರ್ ಆಗಿ. ಮೀಸೆಯಿಲ್ಲದ ಗಂಡಸನ್ನು ನಂಬಲೇಬಾರದೆಂದು ಹಟ ಹಿಡಿದ ಆ ಕಂಪನಿ ಯಜಮಾನನನ್ನು ಒಮ್ಮೆ ನೋಡಿದವರು ಮರೆಯುವುದಿಲ್ಲ. ಕಲ್ಕತ್ತೆಯಲ್ಲಿ ಮಾತ್ರ ಇವರ ಹೆಸರಿಗೆ ಅಂಟಿಕೊಂಡಿರುವ ನೆನಪು ಬೇರೆ: ನಾಟಕ ಆಡಿಸಿದ, ಸೆರೆಮನೆ ಕಂಡ, ಹೊರಬಂದು ಮತ್ತೆ ನಾಟಕ ಆಡಿಸಿದ ಕಮ್ಯುನಿಸ್ಟ್.

ಈ ಎರಡನ್ನೂ ಎರಡು ಪೆಟ್ಟಿಗೆಗೆ ಹಾಕಿ, ಸಿನಿಮಾ ಹೊಟ್ಟೆಪಾಡಿಗೆ, ನಾಟಕ ನಂಬಿಕೆಗೆ ಎಂದು ಬರೆಯುವುದು ರೂಢಿ. ದುಡ್ಡಿನ ಮಟ್ಟಿಗೆ ಆ ಮಾತು ಸರಿ. ಸಿನಿಮಾದ ಗಳಿಕೆ ರಂಗತಂಡದ ಸಾಲ ತೀರಿಸಲು ಹೋಗುತ್ತಿತ್ತೆಂಬುದನ್ನು ಅವರು ಎಂದೂ ಮುಚ್ಚಿಡಲಿಲ್ಲ. ಅಭಿನಯದ ಮಟ್ಟಿಗೆ ಹೇಳುವುದಾದರೆ ಎರಡೂ ಒಂದೇ ಅಭ್ಯಾಸದ ಫಲ. ಅಧಿಕಾರ ಕೈಗೆ ಬಂದ ಮನುಷ್ಯ ಹೇಗೆ ನಿಲ್ಲುತ್ತಾನೆ, ಹೇಗೆ ಗದರುತ್ತಾನೆ, ಎಲ್ಲಿ ಹೆದರುತ್ತಾನೆ, ಯಾವ ಗಳಿಗೆಯಲ್ಲಿ ನಗೆಪಾಟಲಾಗುತ್ತಾನೆ ಎಂಬುದನ್ನು ದತ್ ಹದಿಹರೆಯದಲ್ಲಿ ಮೂರನೆಯ ರಿಚರ್ಡನ ಪಾತ್ರದಿಂದ ಕಲಿಯಲು ಶುರುಮಾಡಿ ಕೊನೆಯವರೆಗೂ ಕಲಿಯುತ್ತಲೇ ಇದ್ದರು. ರಂಗದ ಮೇಲೆ ಆ ಯಜಮಾನನ ವಿರುದ್ಧ ನಾಟಕ ಬರೆದರು, ತೆರೆಯ ಮೇಲೆ ತಾವೇ ಆ ಯಜಮಾನನಾದರು.

ಷೇಕ್ಸ್‌ಪಿಯರ್ ಮತ್ತು ಕೆಂಡಲ್ ತಂಡ

ಹುಟ್ಟಿದ್ದು 1929ರ ಮಾರ್ಚ್ 29ರಂದು. ಶಿಲ್ಲಾಂಗಿನ ಸೇಂಟ್ ಎಡ್ಮಂಡ್ಸ್ ಶಾಲೆಯಲ್ಲಿ, ಆಮೇಲೆ ಕಲ್ಕತ್ತೆಯ ಸೇಂಟ್ ಝೇವಿಯರ್ಸ್‌ನಲ್ಲಿ ಓದು. ಇಂಗ್ಲಿಷ್ ಸಾಹಿತ್ಯದಲ್ಲಿ ಆನರ್ಸ್ ಪದವಿ 1949ರಲ್ಲಿ. ಕಾಲೇಜಿನ ಗೆಳೆಯರೊಡನೆ ಕಟ್ಟಿಕೊಂಡ ‘ಅಮೆಚೂರ್ ಷೇಕ್ಸ್‌ಪಿಯರಿಯನ್ಸ್’ ತಂಡ 1947ರಲ್ಲಿ ‘ರಿಚರ್ಡ್ ದ ಥರ್ಡ್’ ಆಡಿತು. ಆಟ ನೋಡಿದ ಇಂಗ್ಲಿಷ್ ನಟ ಜೆಫ್ರಿ ಕೆಂಡಲ್ ಹುಡುಗನನ್ನು ತಮ್ಮ ತಂಡಕ್ಕೆ ಕರೆದುಕೊಂಡರು.

ಕೆಂಡಲ್ ದಂಪತಿ ನಡೆಸುತ್ತಿದ್ದ ‘ಷೇಕ್ಸ್‌ಪಿಯರಾನಾ’ ಊರೂರು ಸುತ್ತುವ ತಂಡ. ಶಾಲೆಯ ಸಭಾಂಗಣ, ಅರಮನೆ, ಕ್ಲಬ್ಬು, ಎಲ್ಲಿ ಜಾಗ ಸಿಕ್ಕರೆ ಅಲ್ಲಿ ಆಟ. ಇವತ್ತು ರಾಜ, ನಾಳೆ ದೂತ, ನಾಡಿದ್ದು ಸಾಮಾನು ಹೊರುವ ಆಳು. ದತ್ ಈ ತಂಡದೊಡನೆ ಮೊದಲು 1947ರ ಸುಮಾರಿನಲ್ಲೂ ಮತ್ತೆ 1953–54ರಲ್ಲೂ ಭಾರತ, ಪಾಕಿಸ್ತಾನಗಳನ್ನು ಸುತ್ತಿದರು. ಹೊತ್ತಿಗೆ ಸರಿಯಾಗಿ ತಾಲೀಮು, ಮಾತಿನ ಸ್ಪಷ್ಟತೆ, ಪ್ರೇಕ್ಷಕ ಹತ್ತೇ ಜನವಿದ್ದರೂ ಪೂರ್ತಿ ಆಟ: ಅವರ ತಂಡಗಳಲ್ಲಿ ಮುಂದೆ ಕಾಣಿಸಿದ ಬಿಗಿಯೆಲ್ಲ ಇಲ್ಲಿಯದು. ಕೆಂಡಲ್ ತಮ್ಮ ಗುರುವೆಂದು ದತ್ ಕೊನೆಯವರೆಗೂ ಹೇಳುತ್ತಿದ್ದರು. ವಸಾಹತು ಆಳ್ವಿಕೆಯನ್ನು ಅಷ್ಟು ಕಟುವಾಗಿ ಬರೆದವನ ಗುರು ಒಬ್ಬ ಇಂಗ್ಲಿಷರವ ಎಂಬುದರಲ್ಲಿ ಅವರಿಗೆ ಯಾವ ಮುಜುಗರವೂ ಇರಲಿಲ್ಲ.

ಈ ತಿರುಗಾಟದ ಕಥೆಯ ಎಳೆ ಹಿಡಿದೇ ಜೇಮ್ಸ್ ಐವರಿ 1965ರಲ್ಲಿ ‘ಷೇಕ್ಸ್‌ಪಿಯರ್ ವಾಲಾ’ ಮಾಡಿದ್ದು. ಕೆಂಡಲ್ ಕುಟುಂಬವೇ ಅದರಲ್ಲಿ ನಟಿಸಿತು. ತಂಡವನ್ನು ಅರಮನೆಗೆ ಕರೆಸಿಕೊಳ್ಳುವ ಮಹಾರಾಜ ದತ್. ಇಂಗ್ಲಿಷ್ ಷೇಕ್ಸ್‌ಪಿಯರ್ ಅವರ ಗಂಟಲಲ್ಲಿ ಎಷ್ಟು ನೆಲೆ ನಿಂತಿತ್ತೆಂದರೆ, 1961ರ ಬಂಗಾಳಿ ಚಿತ್ರ ‘ಸಪ್ತಪದಿ’ಯಲ್ಲಿ ಉತ್ತಮ್ ಕುಮಾರ್ ಒಥೆಲೊ ಆಡುವ ಕಾಲೇಜು ನಾಟಕದ ದೃಶ್ಯಕ್ಕೆ ಕಂಠ ಕೊಟ್ಟವರು ದತ್. ಡೆಸ್ಡಿಮೋನಾ ಆಗಿದ್ದ ಸುಚಿತ್ರಾ ಸೇನ್ ಅವರಿಗೆ ಕಂಠ ಕೊಟ್ಟವರು ಕೆಂಡಲ್ ಮಗಳು ಜೆನಿಫರ್. ಬಂಗಾಳದ ಅತಿ ಪ್ರೀತಿಯ ತಾರಾಜೋಡಿ ತೆರೆಯ ಮೇಲೆ ತುಟಿ ಆಡಿಸುತ್ತಿದ್ದರೆ ಮಾತು ಷೇಕ್ಸ್‌ಪಿಯರಾನಾದ್ದು.

ಇಂಗ್ಲಿಷಿನಿಂದ ಬಂಗಾಳಿಗೆ

ಕಾಲೇಜಿನ ತಂಡ 1949ರ ಹೊತ್ತಿಗೆ ‘ಲಿಟಲ್ ಥಿಯೇಟರ್ ಗ್ರೂಪ್’ ಆಯಿತು. ಮೊದಮೊದಲು ಇಂಗ್ಲಿಷ್ ನಾಟಕಗಳೇ. ಸ್ವಾತಂತ್ರ್ಯ ಬಂದ ಹೊಸದರಲ್ಲಿ ಬಂಗಾಳ ಹಸಿವು, ವಿಭಜನೆ, ನಿರಾಶ್ರಿತರ ಗೋಳಿನಲ್ಲಿ ಕುದಿಯುತ್ತಿರುವಾಗ ಇಂಗ್ಲಿಷ್ ಬಲ್ಲ ಬೆರಳೆಣಿಕೆಯ ಜನಕ್ಕೆ ನಾಟಕ ಆಡುವುದರಲ್ಲಿ ಏನಿದೆ ಎಂಬ ಪ್ರಶ್ನೆ ಎದ್ದು, ತಂಡ ಬಂಗಾಳಿಗೆ ಹೊರಳಿತು. ಐವತ್ತರ ದಶಕದ ಮೊದಲಲ್ಲಿ ದತ್ ಕೆಲವು ತಿಂಗಳ ಕಾಲ ‘ಇಪ್ಟಾ’ದಲ್ಲಿದ್ದರು. ಕಮ್ಯುನಿಸ್ಟ್ ಪಕ್ಷದ ಆಶ್ರಯದಲ್ಲಿ ಬೆಳೆದ ಈ ಜನನಾಟ್ಯ ಸಂಘ 1944ರಲ್ಲಿ ‘ನಬಾನ್ನ’ ನಾಟಕದ ಮೂಲಕ ಬಂಗಾಳಿ ರಂಗದ ದಿಕ್ಕನ್ನೇ ಬದಲಿಸಿತ್ತು. ಸಂಘದೊಳಗಿನ ಜಗಳದಿಂದ ದತ್ ಬೇಗನೆ ಹೊರಬಿದ್ದರೂ ಬೀದಿಯ ಮೂಲೆಯಲ್ಲಿ ನಿಂತು, ಪರದೆಯಿಲ್ಲದೆ, ಅಂದಿನ ಸುದ್ದಿಯನ್ನೇ ನಾಟಕವಾಗಿಸುವ ಕಸುಬು ಅಲ್ಲಿ ದಕ್ಕಿತು. 1967ರ ಚುನಾವಣೆಗೆ ಬರೆದ ‘ದಿನ್ ಬದಲೇರ್ ಪಾಲಾ’ದವರೆಗೂ ಆ ಬೀದಿನಾಟಕದ ಎಳೆ ಹರಿದಿದೆ.

‘ನಬಾನ್ನ’ದಲ್ಲಿ ನಟಿಸಿದ್ದ ಶೋಭಾ ಸೇನ್ ಮುಂದೆ ದತ್ ಅವರ ಹೆಂಡತಿಯಾದರು. ಅವರು ತಂಡದ ಮುಖ್ಯ ನಟಿಯಷ್ಟೇ ಆಗಿರಲಿಲ್ಲ, ತಂಡದ ಹಣಕಾಸಿನ ತಲೆನೋವನ್ನೂ ಹೊತ್ತವರು. ದತ್ ಕುರಿತ ಬರಹಗಳಲ್ಲಿ ಇದಕ್ಕೆ ಸಿಗುವ ಜಾಗ ಕಡಿಮೆ.

ಬಂಗಾಳಿಯ ‘ಮ್ಯಾಕ್‌ಬೆತ್’ ಹಿಡಿದು ತಂಡ ಹಳ್ಳಿಗಳಿಗೂ ಹೋಯಿತು. ಹಳ್ಳಿಯವರು ಅದನ್ನು ಬಂಗಾಳದ ಬಯಲು ನಾಟಕವಾದ ಜಾತ್ರಾದಂತೆ ನೋಡಿದರು; ನಟರೂ ಕ್ರಮೇಣ ಅದನ್ನು ಜಾತ್ರಾದಂತೆ ಆಡತೊಡಗಿದರು. ಕೊಲೆ, ದೆವ್ವ, ಯುದ್ಧ, ದೊಡ್ಡ ದನಿಯ ಮಾತು: ಕಲ್ಕತ್ತೆಯ ವಿದ್ಯಾವಂತರು ನಾಜೂಕಾಗಿ ನೋಡುತ್ತಿದ್ದ ಷೇಕ್ಸ್‌ಪಿಯರ್ ಮೂಲದಲ್ಲಿ ಸಂತೆಯ ಜನರ ನಾಟಕಕಾರ ಎಂಬ ದತ್ ಅವರ ನಂಬಿಕೆ ಇಲ್ಲಿ ಗಟ್ಟಿಯಾಯಿತು. ಅವರು ಮುಂದೆ ಬರೆದ ‘ಷೇಕ್ಸ್‌ಪಿಯರೇರ್ ಸಮಾಜಚೇತನಾ’ ಗ್ರಂಥದ ಬೇರೂ ಇದೇ.

ಮಿನರ್ವಾದ ದಿನಗಳು

ಉತ್ತರ ಕಲ್ಕತ್ತೆಯ ಬೀಡನ್ ಸ್ಟ್ರೀಟಿನಲ್ಲಿರುವ ಮಿನರ್ವಾ ಥಿಯೇಟರ್ 1893ರಲ್ಲಿ ಗಿರೀಶ್ ಘೋಷರ ಬಂಗಾಳಿ ‘ಮ್ಯಾಕ್‌ಬೆತ್’ನೊಂದಿಗೆ ಬಾಗಿಲು ತೆರೆದ ಹಳೆಯ ನಾಟಕ ಮಂದಿರ. 1959ರಲ್ಲಿ ಲಿಟಲ್ ಥಿಯೇಟರ್ ಗ್ರೂಪ್ ಅದನ್ನು ಗುತ್ತಿಗೆಗೆ ಹಿಡಿಯಿತು. ಹವ್ಯಾಸಿ ತಂಡವೊಂದು ಬಾಡಿಗೆ, ಸಂಬಳ, ಟಿಕೆಟ್ಟು, ವಾರಕ್ಕಿಷ್ಟು ಆಟ ಎಂಬ ವ್ಯಾಪಾರಿ ಕಂಪನಿಯ ಶಿಸ್ತಿಗೆ ತಲೆ ಕೊಟ್ಟಿತ್ತು. ಬಂಗಾಳದ ‘ಗ್ರೂಪ್ ಥಿಯೇಟರ್’ ಚಳವಳಿಯಲ್ಲಿ ಇದು ಅಪರೂಪದ ಸಾಹಸ. ಮೊದಲ ಕಂತಿನಲ್ಲಿ ನಷ್ಟವೇ. ಕೈ ಹಿಡಿದದ್ದು ‘ಅಂಗಾರ್’.

1959ರ ಕೊನೆಯ ದಿನ ರಂಗಕ್ಕೆ ಬಂದ ‘ಅಂಗಾರ್’ ಕಲ್ಲಿದ್ದಲು ಗಣಿಯ ಕಥೆ. ಗಣಿಯೊಳಗೆ ಬೆಂಕಿ. ಒಳಗೆ ಇನ್ನೂ ಜೀವಂತ ಕೂಲಿಗಳಿದ್ದಾರೆ. ಕಲ್ಲಿದ್ದಲು ಉಳಿಯಬೇಕು ಎಂದು ಕಂಪನಿ ಗಣಿಗೆ ನೀರು ಬಿಡುತ್ತದೆ. ಕೊನೆಯ ದೃಶ್ಯದಲ್ಲಿ ಆ ನೀರು ರಂಗದ ಮೇಲೆ ಏರುತ್ತ ಬರುತ್ತದೆ: ಮೊಣಕಾಲು, ಸೊಂಟ, ಕತ್ತು. ಒಂದು ಹನಿ ನೀರಿಲ್ಲ, ಎಲ್ಲ ತಾಪಸ್ ಸೇನ್ ಅವರ ಬೆಳಕಿನ ಆಟ. ಸಂಗೀತ ರವಿಶಂಕರರದು. ಕಲ್ಕತ್ತೆಯ ಜನ ಆ ಒಂದು ದೃಶ್ಯ ನೋಡಲೆಂದೇ ಮತ್ತೆ ಮತ್ತೆ ಬಂದರು. ತಂತ್ರದ ಬೆರಗು ನಾಟಕವನ್ನೇ ನುಂಗಿತೆಂಬ ಟೀಕೆಯೂ ಆಗಲೇ ಹುಟ್ಟಿತು. ಟೀಕೆಯಲ್ಲಿ ಹುರುಳಿದೆ. ಆದರೆ ಪತ್ರಿಕೆಯ ಎರಡು ಸಾಲಿನ ಸುದ್ದಿಯಾಗಿ ಮುಗಿಯುವ ಗಣಿ ಸಾವನ್ನು ನಗರದ ಮಧ್ಯಮವರ್ಗ ಕಣ್ಣು ಮುಚ್ಚದೆ ನೋಡುವಂತೆ ಮಾಡಲು ಬೇರೆ ಯಾವ ಉಪಾಯವಿತ್ತೆಂದು ಟೀಕಾಕಾರರು ಹೇಳಲಿಲ್ಲ.

ಈ ತಂಡದಲ್ಲಿ ಬೆಳೆದವರಲ್ಲಿ ರಬಿ ಘೋಷ್ ಒಬ್ಬರು, ಸತ್ಯಜಿತ್ ರಾಯ್ ಅವರ ‘ಗೂಪಿ ಗಾಯೇನ್ ಬಾಘಾ ಬಾಯೇನ್’ನ ಬಾಘಾ. ‘ಫೆರಾರಿ ಫೌಜ್’ (1961) ಸಶಸ್ತ್ರ ಕ್ರಾಂತಿಕಾರಿಗಳನ್ನು ಕುರಿತದ್ದು. 1963ರಲ್ಲಿ ಅದ್ವೈತ ಮಲ್ಲಬರ್ಮನ್ ಅವರ ಬೆಸ್ತರ ಬದುಕಿನ ಕಾದಂಬರಿ ‘ತಿತಾಶ್ ಏಕಟಿ ನದೀರ್ ನಾಮ್’ ರಂಗಕ್ಕೆ ಬಂತು. ಋತ್ವಿಕ್ ಘಟಕ್ ಅದನ್ನು ಚಿತ್ರ ಮಾಡಿದ್ದು ಹತ್ತು ವರ್ಷದ ನಂತರ.

ಇವೆಲ್ಲಕ್ಕೂ ಮಿಗಿಲಾಗಿ ದತ್ ಹೆಸರನ್ನು ಸರ್ಕಾರದ ಕಡತಕ್ಕೆ ಸೇರಿಸಿದ್ದು 1965ರ ‘ಕಲ್ಲೋಲ್’. 1946ರ ಫೆಬ್ರವರಿಯಲ್ಲಿ ಮುಂಬಯಿಯಲ್ಲಿ ರಾಯಲ್ ಇಂಡಿಯನ್ ನೇವಿಯ ನಾವಿಕರು ಎದ್ದ ಬಂಡಾಯ ಇದರ ವಸ್ತು. ಕೊಳೆತ ಅನ್ನ, ಗೋರಾ ಅಧಿಕಾರಿಗಳ ಬೈಗುಳದ ವಿರುದ್ಧ ಶುರುವಾದ ಮುಷ್ಕರ ಹಡಗಿನಿಂದ ಹಡಗಿಗೆ ಹಬ್ಬಿತ್ತು. ಶರಣಾಗಿ ಎಂದು ಸರ್ದಾರ್ ಪಟೇಲ್ ಸಲಹೆ ಕೊಟ್ಟ ಮೇಲೆ, ಶುರುವಾದ ಐದಾರು ದಿನಗಳಲ್ಲೇ ಬಂಡಾಯ ಮುಗಿಯಿತು. ಇತಿಹಾಸದಲ್ಲಿ ನಾವಿಕರು ಶರಣಾದರು. ದತ್ ನಾಟಕದಲ್ಲಿ ‘ಖೈಬರ್’ ಹಡಗು ಶರಣಾಗಲು ಒಪ್ಪುವುದಿಲ್ಲ. ರಂಗದ ಮೇಲೆ ಒಂದು ಕಡೆ ಬಂದರಿನ ಬಡವರ ಕೇರಿ, ಇನ್ನೊಂದು ಕಡೆ ಫಿರಂಗಿ ಸಮೇತ ಯುದ್ಧನೌಕೆ. ಸ್ವಾತಂತ್ರ್ಯ ಅಹಿಂಸೆಯೊಂದರಿಂದಲೇ ಬಂತೆಂಬ ಪಠ್ಯಪುಸ್ತಕದ ಮಾತಿಗೂ, ಆ ಮಾತಿನ ಮೇಲೆ ಕುಳಿತಿದ್ದ ಕಾಂಗ್ರೆಸ್ ಸರ್ಕಾರಕ್ಕೂ ಇದು ನೇರ ಸವಾಲು. ಸಂಗೀತ ಹೇಮಾಂಗ ಬಿಸ್ವಾಸ್ ಅವರದು.

ಕಲ್ಕತ್ತೆಯ ಪ್ರಮುಖ ಪತ್ರಿಕೆಗಳು ನಾಟಕದ ಜಾಹೀರಾತು ಹಾಕುವುದನ್ನು ನಿಲ್ಲಿಸಿದವು. ಕಲ್ಲೋಲ್ ನಡೆಯುತ್ತಿದೆ, ನಡೆಯುತ್ತಲೇ ಇರುತ್ತದೆ ಎಂಬರ್ಥದ ಭಿತ್ತಿಪತ್ರಗಳು ಗೋಡೆಗಳ ಮೇಲೆ ಬಿದ್ದವು. ಮಿನರ್ವಾ ಮುಂದಿನ ಸಾಲು ಮಾತ್ರ ಕರಗಲಿಲ್ಲ. ಅದೇ ವರ್ಷದ ಸೆಪ್ಟೆಂಬರಿನಲ್ಲಿ, ಪಾಕಿಸ್ತಾನದೊಡನೆ ಯುದ್ಧದ ಹೊತ್ತಿನಲ್ಲಿ, ದತ್ ಅವರನ್ನು ಬಂಧಿಸಿ ವಿಚಾರಣೆಯಿಲ್ಲದೆ ತಿಂಗಳುಗಟ್ಟಲೆ ಇಡಲಾಯಿತು. ಕಾರಣವಾಗಿ ಮುಂದೆ ಬಂದದ್ದು ಒಂದು ಲೇಖನ. ನಿಜವಾದ ಕಾರಣ ‘ಕಲ್ಲೋಲ್’ ಎಂದು ಊರೆಲ್ಲ ನಂಬಿತು. ಅವರಿಲ್ಲದಾಗಲೂ ತಂಡ ನಾಟಕ ನಿಲ್ಲಿಸಲಿಲ್ಲ. ಮರುವರ್ಷ ಅವರು ಹೊರಬಂದರು. 1967ರ ಚುನಾವಣೆಯಲ್ಲಿ ಪಶ್ಚಿಮ ಬಂಗಾಳದ ಕಾಂಗ್ರೆಸ್ ಸರ್ಕಾರವೇ ಹೋಯಿತು.

ನಕ್ಸಲ್‌ಬಾರಿ ಮತ್ತು ಒಂದು ಮುಚ್ಚಳಿಕೆ

ಅದೇ 1967ರಲ್ಲಿ ಉತ್ತರ ಬಂಗಾಳದ ನಕ್ಸಲ್‌ಬಾರಿಯಲ್ಲಿ ರೈತರು ಎದ್ದಾಗ ದತ್ ಅಲ್ಲಿಗೆ ಹೋಗಿಬಂದು ‘ತೀರ್’ ಬರೆದರು. ಈ ಸಲ ಬಂಧನವಾದದ್ದು ಮುಂಬಯಿಯ ಹೋಟೆಲಿನಲ್ಲಿ. ಐವರಿ–ಮರ್ಚೆಂಟರ ‘ದ ಗುರು’ ಚಿತ್ರದ ಕೆಲಸಕ್ಕೆಂದು ಅವರು ಬಂದಿದ್ದರು. ರಾಜಕೀಯದಿಂದ ದೂರವಿರುತ್ತೇನೆಂಬ ಮುಚ್ಚಳಿಕೆಗೆ ಸಹಿ ಹಾಕಿ ಬಿಡುಗಡೆಯಾದರು. ಸಂಗಾತಿಗಳ ಕಣ್ಣಲ್ಲಿ ಇದು ದ್ರೋಹ, ವಿರೋಧಿಗಳಿಗೆ ನಗುವ ವಿಷಯ. ಕ್ರಾಂತಿಯ ನಾಟಕ ಬರೆದವನು ಸಿನಿಮಾ ಚಿತ್ರೀಕರಣಕ್ಕಾಗಿ ಮುಚ್ಚಳಿಕೆ ಕೊಟ್ಟ ಎಂಬ ಮಾತು ಅವರನ್ನು ಬಹುಕಾಲ ಬೆನ್ನಟ್ಟಿತು. ನಕ್ಸಲ್ ಗುಂಪಿನಿಂದ ದೂರವಾಗಿ ಕ್ರಮೇಣ ಅವರು ಮಾರ್ಕ್ಸ್‌ವಾದಿ ಕಮ್ಯುನಿಸ್ಟ್ ಪಕ್ಷದ ಬಳಿಗೆ ಮರಳಿದರು. ಮಿನರ್ವಾ ಕೂಡ ಕೈ ತಪ್ಪಿತು. ಅದಕ್ಕೆ ಮುನ್ನ ಆಡಿದ್ದರಲ್ಲಿ ‘ಮಾನುಷೇರ್ ಅಧಿಕಾರೇ’ (1968) ದೊಡ್ಡ ನಾಟಕ: ಅಮೆರಿಕದ ಅಲಬಾಮಾದಲ್ಲಿ 1931ರಲ್ಲಿ ಒಂಬತ್ತು ಕರಿಯ ಹುಡುಗರ ಮೇಲೆ ಹೊರಿಸಿದ ಸುಳ್ಳು ಅತ್ಯಾಚಾರದ ಆರೋಪ, ಸ್ಕಾಟ್ಸ್‌ಬರೋ ಮೊಕದ್ದಮೆ. ಇಡೀ ರಂಗವೇ ನ್ಯಾಯಾಲಯ.

ತಗಡಿನ ಕತ್ತಿ

ಹೊಸ ತಂಡ ‘ಪೀಪಲ್ಸ್ ಲಿಟಲ್ ಥಿಯೇಟರ್’ 1971ರಲ್ಲಿ ಆಡಿದ ‘ಟಿನೇರ್ ತಲವಾರ್’ ದತ್ ನಾಟಕಗಳಲ್ಲಿ ಅತ್ಯುತ್ತಮವಾದದ್ದು ಎಂಬುದರಲ್ಲಿ ಹೆಚ್ಚು ಭಿನ್ನಾಭಿಪ್ರಾಯವಿಲ್ಲ. ಬಂಗಾಳದ ಟಿಕೆಟ್ ನಾಟಕಶಾಲೆಗೆ ನೂರು ವರ್ಷ ತುಂಬುವ ಹೊತ್ತಿಗೆ ಬರೆದದ್ದು. ಉದ್ದೇಶ ಗೌರವಾರ್ಪಣೆ, ಆದರೆ ಆ ಹಳೆಯ ಕಂಪನಿಗಳ ಹೊಲಸನ್ನೂ ಅದು ಬಚ್ಚಿಡುವುದಿಲ್ಲ.

ಕಾಲ 1876. ‘ಗ್ರೇಟ್ ಬೆಂಗಾಲ್ ಆಪೆರಾ’ ಎಂಬ ಕಂಪನಿಯ ಮೇಷ್ಟ್ರು ಬೇಣಿಮಾಧವ, ಎಲ್ಲರ ಬಾಯಲ್ಲಿ ಕಾಪ್ತೇನ್‌ಬಾಬು. ಕಂಪನಿಗೆ ದುಡ್ಡು ಹಾಕಿರುವವನು ಬೀರಕೃಷ್ಣ ಎಂಬ ಅಕ್ಷರ ಬಾರದ ಸಿರಿವಂತ. ಮೊದಲ ದೃಶ್ಯದಲ್ಲೇ ಕುಡಿದು ತೂರಾಡುತ್ತ ರಾತ್ರಿ ಭಿತ್ತಿಪತ್ರ ಅಂಟಿಸುವ ಕಾಪ್ತೇನ್‌ಬಾಬುವಿಗೆ ಎದುರಾಗುವವನು ಚರಂಡಿಯ ಗುಂಡಿಯಿಂದ ಮೇಲೆದ್ದ ಜಾಡಮಾಲಿ. ನಿಮ್ಮ ರಾಜಾಧಿರಾಜರ ನಾಟಕದಲ್ಲಿ ನನಗೇನಿದೆ ಎಂದು ಅವನು ಕೇಳುವ ಪ್ರಶ್ನೆಗೆ ಕಾಪ್ತೇನ್‌ಬಾಬುವಿನ ಬಳಿ ಉತ್ತರವಿಲ್ಲ. ನಾಟಕದುದ್ದಕ್ಕೂ ಆ ಪ್ರಶ್ನೆ ಕಾಲಿಗೆ ತೊಡರುತ್ತಲೇ ಇರುತ್ತದೆ.

ಬೀದಿಯಲ್ಲಿ ತರಕಾರಿ ಮಾರುತ್ತಿದ್ದ ಮಯನಾಳನ್ನು ಕಾಪ್ತೇನ್‌ಬಾಬು ತಂದು, ಮಾತು ತಿದ್ದಿ, ನಡೆ ತಿದ್ದಿ, ನಟಿಯಾಗಿಸುತ್ತಾನೆ. ಶಾ ಅವರ ‘ಪಿಗ್‌ಮೇಲಿಯನ್’ನ ನೆರಳು ಕಾಣುತ್ತದೆ. ಆದರೆ ಇಲ್ಲಿ ಮೇಷ್ಟ್ರು ಅವಳನ್ನು ಮಾರಲೂ ಹಿಂಜರಿಯುವುದಿಲ್ಲ. ಸ್ವಂತ ನಾಟಕಮಂದಿರದ ಆಸೆಗೆ ಹುಡುಗಿಯನ್ನು ಬೀರಕೃಷ್ಣನ ವಶಕ್ಕೆ ಒಪ್ಪಿಸುತ್ತಾನೆ. ಇದನ್ನು ಬರೆದವನೇ ರಂಗದ ಮೇಲೆ ಕಾಪ್ತೇನ್‌ಬಾಬುವಾದ. ಕಲೆಗಾಗಿ ಏನನ್ನಾದರೂ ಮಾಡುವ ಮನುಷ್ಯನೊಳಗಿನ ಕ್ರೌರ್ಯವನ್ನು ಇಷ್ಟು ಹತ್ತಿರದಿಂದ ತೋರಿಸಿದ ನಾಟಕ ಭಾರತದಲ್ಲಿ ಇನ್ನೊಂದು ಸಿಗುವುದು ಕಷ್ಟ. ಮುಚ್ಚಳಿಕೆಯ ಪ್ರಸಂಗ ಕಳೆದು ನಾಲ್ಕೇ ವರ್ಷ ಆಗಿತ್ತೆಂಬುದನ್ನು ನೆನೆದರೆ ಈ ಪಾತ್ರದ ತೂಕ ಇನ್ನಷ್ಟು ತಿಳಿಯುತ್ತದೆ.

1876 ಬ್ರಿಟಿಷ್ ಸರ್ಕಾರ ನಾಟಕ ಪ್ರದರ್ಶನ ನಿಯಂತ್ರಣ ಕಾಯಿದೆ ತಂದ ವರ್ಷ. ಹೆದರಿದ ಕಾಪ್ತೇನ್‌ಬಾಬು ಬ್ರಿಟಿಷ್ ವಿರೋಧಿ ‘ತಿತುಮೀರ್’ ನಾಟಕವನ್ನು ಮೂಲೆಗೆ ಹಾಕಿ, ಪೊಲೀಸ್ ಅಧಿಕಾರಿಯ ಎದುರು ಪುಕ್ಕಲು ಪ್ರಹಸನ ಆಡಿಸುತ್ತಾನೆ. ಆಟದ ನಡುವೆ ಅವನಿಗೇ ತಡೆಯಲಾಗುವುದಿಲ್ಲ. ಇದ್ದಕ್ಕಿದ್ದಂತೆ ಕುಡುಕನ ಪಾತ್ರ ಬಿಟ್ಟು ತಿತುಮೀರನ ಮಾತು ಶುರುಮಾಡುತ್ತಾನೆ. ಇಡೀ ಕಂಪನಿ ಅವನ ಹಿಂದೆ ಬರುತ್ತದೆ. ಕೈಯಲ್ಲಿರುವುದು ತಗಡಿನ ಕತ್ತಿಯೇ.

ಮುಂದಿನ ಕೆಲವು ವರ್ಷ ಬಂಗಾಳದಲ್ಲಿ ಗುಂಡು, ಬಾಂಬು, ಗೂಂಡಾಗಿರಿಯ ಕಾಲ. ‘ಬ್ಯಾರಿಕೇಡ್’ (1972) ಹಿಟ್ಲರ್ ಅಧಿಕಾರಕ್ಕೇರುವ 1933ರ ಜರ್ಮನಿಯಲ್ಲಿ ನಡೆದರೂ ನೋಡಿದವರಿಗೆ ಕಂಡದ್ದು ಅಂದಿನ ಕಲ್ಕತ್ತೆ. ‘ದುಃಸ್ವಪ್ನೇರ್ ನಗರಿ’ (1974) ಮುಸುಕು ತೆಗೆದು ಕಲ್ಕತ್ತೆಯ ಹೆಸರನ್ನೇ ಹೇಳಿತು. ಪ್ರದರ್ಶನದ ಮೇಲೆ ದಾಳಿಯಾಯಿತು, ದತ್ ಮೇಲೆ ರಾಜದ್ರೋಹದ ಮೊಕದ್ದಮೆ ಬಿತ್ತು. ತುರ್ತುಪರಿಸ್ಥಿತಿ ಬಂದಾಗ ಅವರು ಮತ್ತೆ ‘ಮ್ಯಾಕ್‌ಬೆತ್’ ಆಡಿದರು. ಸಿಂಹಾಸನಕ್ಕಾಗಿ ನಾಡನ್ನೇ ಸೆರೆಮನೆಯಾಗಿಸಿದವನ ಕಥೆಯನ್ನು ನಿಷೇಧಿಸಬೇಕಾದರೆ ಷೇಕ್ಸ್‌ಪಿಯರನನ್ನೇ ನಿಷೇಧಿಸಬೇಕಿತ್ತು.

ಜಾತ್ರಾ

ಮೂರು ಕಡೆ ತೆರೆದ ವೇದಿಕೆ, ಸಾವಿರಾರು ಪ್ರೇಕ್ಷಕರು, ಇಡೀ ರಾತ್ರಿ ಹಾಡು ಮತ್ತು ಅಬ್ಬರದ ಮಾತು: ನಮ್ಮ ಬಯಲಾಟದ ದಾಯಾದಿಯಂತಿರುವ ಜಾತ್ರಾಕ್ಕೆ ಕಲ್ಕತ್ತೆಯ ಚಿತ್ಪುರ ರಸ್ತೆಯಲ್ಲಿ ಸಾಲುಸಾಲು ಕಂಪನಿಗಳ ಕಚೇರಿಗಳಿವೆ. ದುರ್ಗಾಪೂಜೆ ಮುಗಿದೊಡನೆ ಕಂಪನಿಗಳು ಹಳ್ಳಿಗಳಿಗೆ ಹೊರಡುತ್ತವೆ. 1968ರ ‘ರೈಫಲ್’ನಿಂದ ಆರಂಭಿಸಿ ದತ್ ಈ ಕಂಪನಿಗಳಿಗೆ ನಾಟಕ ಬರೆದು ನಿರ್ದೇಶಿಸಿದರು. ಜಲಿಯನ್‌ವಾಲಾ ಬಾಗ್, ಸನ್ಯಾಸಿಗಳ ದಂಗೆ ಜಾತ್ರಾದ ವಸ್ತುಗಳಾದವು. ‘ಸೂರ್ಯಶಿಕಾರ್’ನಲ್ಲಿ ಸಮುದ್ರಗುಪ್ತನ ಕಾಲದ ಆಸ್ಥಾನ ಮತ್ತು ವಿಜ್ಞಾನದ ಸಂಘರ್ಷವಿದೆ, ಗೆಲಿಲಿಯೋ ಕಥೆ ಬಲ್ಲವರಿಗೆ ಬೇಗ ಗುರುತು ಹತ್ತುತ್ತದೆ.

ಇದು ವ್ಯಾಪಾರಕ್ಕೆ ಸೋತದ್ದು ಎಂದವರಿದ್ದರು. ದತ್ ವಾದ ಬೇರೆ. ಎಡಪಂಥೀಯ ಬುದ್ಧಿಜೀವಿಗಳು ಬ್ರೆಕ್ಟ್ ಹೆಸರಿನಲ್ಲಿ ತಣ್ಣನೆಯ, ಒಣಗಿದ ನಾಟಕ ಮಾಡುತ್ತಾರೆ. ನಮ್ಮ ಜನ ಕಣ್ಣೀರಿಟ್ಟು, ರೋಮಾಂಚನಗೊಂಡು, ಖಳನಿಗೆ ಶಾಪ ಹಾಕುತ್ತ ನಾಟಕ ನೋಡುವವರು. ಅವರ ಭಾಷೆಯಲ್ಲಿ ಮಾತಾಡದ ಕ್ರಾಂತಿ ಯಾರಿಗೆ ಬೇಕು ಎಂಬುದು ದತ್ ತಗಾದೆ. ಬ್ರೆಕ್ಟ್ ಮೇಲೆ ಅಪಾರ ಗೌರವವಿಟ್ಟು, ‘ಎಪಿಕ್ ಥಿಯೇಟರ್’ ಎಂದೇ ಹೆಸರಿಟ್ಟು ಪತ್ರಿಕೆ ನಡೆಸಿದವರು ಇದನ್ನು ಹೇಳುತ್ತಿದ್ದರು. ಜಪೇನ್‌ದಾ ಎಂಬ ತುಂಟ ಪಾತ್ರವನ್ನು ಸೃಷ್ಟಿಸಿ ಅವನ ಬಾಯಲ್ಲಿ ರಂಗಭೂಮಿಯ ಚರ್ಚೆ ಆಡಿಸಿದ ‘ಜಪೇನ್‌ದಾ ಜಪೇನ್ ಜಾ’, ಇಂಗ್ಲಿಷಿನಲ್ಲಿ ಬರೆದ ‘ಟುವರ್ಡ್ಸ್ ಎ ರೆವಲ್ಯೂಷನರಿ ಥಿಯೇಟರ್’ (1982), ಎರಡರಲ್ಲೂ ಈ ಜಗಳ ಓದಲು ಸಿಗುತ್ತದೆ. ಜಗಳಗಂಟ ಬರಹಗಾರ, ಎದುರಾಳಿಗೆ ನ್ಯಾಯ ಕೊಡುವ ತಾಳ್ಮೆ ಎಲ್ಲ ಕಡೆ ಕಾಣುವುದಿಲ್ಲ.

ಕನ್ನಡ ರಂಗಭೂಮಿಗೆ ಬಂಗಾಳದಿಂದ ಹೆಚ್ಚು ಹತ್ತಿರವಾದವರು ದತ್ ಅಲ್ಲ, ಬಾದಲ್ ಸರ್ಕಾರ್. ಅವರ ‘ಏವಂ ಇಂದ್ರಜಿತ್’ ಅನ್ನು ಇಂಗ್ಲಿಷಿಗೆ ತಂದವರೇ ಗಿರೀಶ ಕಾರ್ನಾಡರು. ನಾಲ್ಕು ಜನ ನಟರು, ಬರಿಯ ಅಂಗಳ ಇದ್ದರೆ ಸರ್ಕಾರ್ ನಾಟಕ ನಡೆದೀತು. ಯುದ್ಧನೌಕೆ ಬೇಡುವ ‘ಕಲ್ಲೋಲ್’ ಅನ್ನು ಕೈಯಿಂದ ದುಡ್ಡು ಹಾಕುವ ನಮ್ಮ ಹವ್ಯಾಸಿ ತಂಡಗಳು ಎತ್ತಿಕೊಳ್ಳುವುದು ಸುಲಭವಿರಲಿಲ್ಲ.

ತೆರೆಯ ಮೇಲೆ

ಮೊದಲ ಚಿತ್ರ ಮಧು ಬೋಸರ ‘ಮೈಕೇಲ್ ಮಧುಸೂದನ್’ (1950). ಕವಿ ಮಧುಸೂದನ ದತ್ತನ ಪಾತ್ರ. ಮೂವತ್ತು ವರ್ಷದ ನಂತರ ಅದೇ ಕವಿಯ ಮೇಲೆ ‘ದಾಂಡಾಓ ಪಥಿಕಬರ್’ ನಾಟಕ ಬರೆದರು. ಐವತ್ತು, ಅರವತ್ತರ ದಶಕಗಳಲ್ಲಿ ಸಿನಿಮಾ ಅವರಿಗೆ ಬದಿಯ ಕೆಲಸ. ತಾವೇ ನಿರ್ದೇಶಿಸಿದ ‘ಮೇಘ್’ (1961), ‘ಘುಮ್ ಭಾಂಗಾರ್ ಗಾನ್’ (1965), ಡಿರೋಜಿಯೋ ಕುರಿತ ‘ಝಡ್’ (1979) ಅವರ ನಾಟಕಗಳ ಎತ್ತರಕ್ಕೆ ಏರುವುದಿಲ್ಲ.

ದಿಕ್ಕು ಬದಲಾದದ್ದು 1969ರಲ್ಲಿ, ಮೃಣಾಲ್ ಸೇನ್ ಅವರ ‘ಭುವನ್ ಶೋಮ್’ನಿಂದ. ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ನಿನ ಸಣ್ಣ ಸಾಲದಲ್ಲಿ ತಯಾರಾದ ಈ ಹಿಂದಿ ಚಿತ್ರದ ನಾಯಕ ಒಬ್ಬ ವಿಧುರ ರೈಲ್ವೆ ಅಧಿಕಾರಿ. ಶಿಸ್ತಿನ ಹೆಸರಲ್ಲಿ ಸ್ವಂತ ಮಗನನ್ನೂ ಕೆಲಸದಿಂದ ತೆಗೆದವನು. ಹಕ್ಕಿ ಬೇಟೆಗೆಂದು ಗುಜರಾತಿನ ಮರಳುಗಾಡಿಗೆ ಬಂದು ಗೌರಿ ಎಂಬ ಹಳ್ಳಿ ಹುಡುಗಿಯ ಕೈಗೆ ಸಿಕ್ಕು ಪೆದ್ದನಾಗುತ್ತಾನೆ. ಎಮ್ಮೆ ಅಟ್ಟಿಸಿಕೊಂಡು ಬಂದಾಗ ಸೂಟುಬೂಟಿನ ಸಾಹೇಬ ಓಡುವ ರೀತಿಯಲ್ಲಿ ದತ್ ಒಂದು ಇಡೀ ಅಧಿಕಾರಶಾಹಿಯ ಲಂಗೋಟಿ ಬಿಚ್ಚುತ್ತಾರೆ. ಆದರೂ ಆ ಒಂಟಿ ಮನುಷ್ಯನ ಮೇಲೆ ನಮಗೆ ಕರುಣೆ ಹುಟ್ಟುತ್ತದೆ. ರಾಷ್ಟ್ರಪ್ರಶಸ್ತಿಗಳಲ್ಲಿ ಅತ್ಯುತ್ತಮ ಚಿತ್ರ, ನಿರ್ದೇಶಕ, ನಟ ಮೂರೂ ಈ ಚಿತ್ರಕ್ಕೆ ಬಂದವು. ಅದೇ ವರ್ಷ ಕೆ.ಎ. ಅಬ್ಬಾಸ್ ಗೋವಾ ವಿಮೋಚನೆಯ ಮೇಲೆ ‘ಸಾತ್ ಹಿಂದೂಸ್ತಾನಿ’ ಮಾಡಿ, ಬಂಗಾಳಿ ದತ್ ಅವರನ್ನು ಪಂಜಾಬಿಯಾಗಿಸಿದರು. ಅಮಿತಾಭ್ ಬಚ್ಚನ್‌ಗೆ ಅದು ಮೊದಲ ಚಿತ್ರ.

ಹೃಷಿಕೇಶ್ ಮುಖರ್ಜಿಯವರ ‘ಗೋಲ್‌ಮಾಲ್’ (1979) ಭುವನ್ ಶೋಮ್‌ನನ್ನೇ ಮನೆ ಮಂದಿಯೆಲ್ಲ ನೋಡುವ ಹಾಸ್ಯಕ್ಕೆ ತಂದಿತೆನ್ನಬಹುದು. ಭವಾನಿ ಶಂಕರ್ ಕೆಟ್ಟವನಲ್ಲ. ತನಗೆ ತಿಳಿದದ್ದೇ ಸತ್ಯವೆಂದು ನಂಬಿದ, ಯಾರೂ ಎದುರಾಡದ್ದರಿಂದ ಆ ನಂಬಿಕೆ ಗಟ್ಟಿಯಾದ ಹಿರಿಯ. ಕಣ್ಣು ಅಗಲಿಸಿ, ಮಾತು ಎಳೆದು, ಅನುಮಾನ ಬಂದೊಡನೆ ಕತ್ತನ್ನು ಒಂದಿಷ್ಟೇ ಹೊರಳಿಸುವುದು: ಇದೆಲ್ಲ ಹಿಂದಿನ ಸಾಲಿನ ಪ್ರೇಕ್ಷಕನಿಗೂ ಕಾಣಲೆಂದು ರೂಢಿಸಿದ ರಂಗದ ಅಭಿನಯ. ಕ್ಯಾಮೆರಾ ಎದುರು ಅದನ್ನು ಎಷ್ಟು ಇಳಿಸಬೇಕು, ಎಷ್ಟು ಬಿಡಬೇಕು ಎಂಬ ಹದ ದತ್ ಅವರಿಗೆ ಗೊತ್ತಿತ್ತು. ‘ಗೋಲ್‌ಮಾಲ್’, ‘ನರಮ್ ಗರಮ್’, ‘ರಂಗ್ ಬಿರಂಗಿ’ ಮೂರಕ್ಕೂ ಹಾಸ್ಯ ಪಾತ್ರದ ಫಿಲ್ಮ್‌ಫೇರ್ ಬಂತು. ‘ಗೋಲ್‌ಮಾಲ್’ ಕಥೆ ಕನ್ನಡಕ್ಕೆ ಬಂದದ್ದು 1990ರ ‘ಆಸೆಗೊಬ್ಬ ಮೀಸೆಗೊಬ್ಬ’ ಆಗಿ, ಶಿವರಾಜ್‌ಕುಮಾರ್ ಮತ್ತು ರಾಘವೇಂದ್ರ ರಾಜ್‌ಕುಮಾರ್ ಅವರೊಂದಿಗೆ. ಇವುಗಳ ಜೊತೆಗೆ ಹೆಸರೂ ನೆನಪುಳಿಯದ ಖಳ, ಪೊಲೀಸ್, ಮಾವನ ಪಾತ್ರಗಳು ರಾಶಿ ಇವೆ. ಅವುಗಳ ಪಟ್ಟಿ ಇಲ್ಲಿ ಬೇಡ.

ಸತ್ಯಜಿತ್ ರಾಯ್ ಅವರೊಂದಿಗಿನ ನಾಲ್ಕು ಚಿತ್ರಗಳು ಮಾತ್ರ ಬೇರೆ ನಿಲ್ಲುತ್ತವೆ. ‘ಜನ ಅರಣ್ಯ’ದಲ್ಲಿ ಕೆಲಸವಿಲ್ಲದ ಹುಡುಗನನ್ನು ದಲ್ಲಾಳಿ ವ್ಯಾಪಾರಕ್ಕೆ ಇಳಿಸುವ ಬಿಶುದಾ. ‘ಜೋಯ್ ಬಾಬಾ ಫೇಲುನಾಥ್’ನಲ್ಲಿ (1979) ಬನಾರಸಿನ ಮಗನ್‌ಲಾಲ್ ಮೇಘರಾಜ್. ಅತಿಥಿಗೆ ಶರಬತ್ತು ಕೊಟ್ಟು, ಅವನ ಸುತ್ತ ಚೂರಿ ಎಸೆಸಿ ಮಜಾ ನೋಡುವ ಆ ಸೇಠು ಬಂಗಾಳದ ಮಕ್ಕಳಿಗೆ ಇಂದಿಗೂ ಪ್ರೀತಿಯ ಖಳ. ‘ಹೀರಕ್ ರಾಜಾರ್ ದೇಶೇ’ಯಲ್ಲಿ (1980) ಪ್ರಾಸದಲ್ಲೇ ಮಾತಾಡುವ ವಜ್ರದ ಗಣಿಯ ರಾಜ. ಶಾಲೆ ಮುಚ್ಚಿಸಿ, ಪುಸ್ತಕ ಸುಡಿಸಿ, ರೈತ–ಕೂಲಿಗಳ ತಲೆಗೆ ಯಂತ್ರದಿಂದ ಹೊಗಳುಪದ್ಯ ತುಂಬಿಸುತ್ತಾನೆ. ಕೊನೆಗೆ ಅದೇ ಯಂತ್ರಕ್ಕೆ ಸಿಕ್ಕಿ, ತನ್ನ ವಿಗ್ರಹವನ್ನು ಎಳೆದು ಬೀಳಿಸುವ ಹಗ್ಗಕ್ಕೆ ತಾನೂ ಕೈ ಹಾಕುತ್ತಾನೆ. ತುರ್ತುಪರಿಸ್ಥಿತಿಯ ಅಣಕವೆಂದು ಎಲ್ಲರೂ ಓದಿದ ಚಿತ್ರ. ಆ ಕಾಲದಲ್ಲಿ ರಾಜದ್ರೋಹದ ಮೊಕದ್ದಮೆ ಎದುರಿಸಿದ್ದವನೇ ಅದರ ರಾಜ. ಅವನನ್ನು ಉರುಳಿಸಲು ಬರುವ ಬಾಘಾ, ದತ್ ಅವರದೇ ಶಿಷ್ಯ ರಬಿ ಘೋಷ್.

‘ಆಗಂತುಕ್’ (1991) ರಾಯ್ ಅವರ ಕೊನೆಯ ಚಿತ್ರ. ಮೂವತ್ತೈದು ವರ್ಷದ ಹಿಂದೆ ಮನೆ ಬಿಟ್ಟ ಮಾವ ಮನಮೋಹನ್ ಮಿತ್ರ ಕಲ್ಕತ್ತೆಯ ಸೋದರ ಸೊಸೆಯ ಮನೆಗೆ ಬರುತ್ತಾನೆ. ಇವನು ನಿಜವಾದ ಮಾವನೋ ಆಸ್ತಿ ಹೊಡೆಯಲು ಬಂದ ಠಕ್ಕನೋ ಎಂದು ಮನೆಯವರಿಗೆ ಅನುಮಾನ. ಇಲ್ಲಿ ದತ್ ಕೈಯಲ್ಲಿ ಯಾವ ಅಧಿಕಾರವೂ ಇಲ್ಲ. ಸೋಫಾದ ಮೇಲೆ ಕುಳಿತು ವಕೀಲನ ಸವಾಲುಗಳಿಗೆ ಉತ್ತರಿಸುವ ಮುದುಕ, ನಾಗರಿಕತೆ ಎಂದರೆ ಯಾವುದು, ಕಾಡಿನವರನ್ನು ಅನಾಗರಿಕರೆಂದು ಕರೆಯಲು ನೀವು ಯಾರು ಎಂದು ದನಿ ಏರಿಸದೆ ಕೇಳುತ್ತಾನೆ. ಜೀವನವಿಡೀ ಗುಡುಗಿದ ನಟ ಇಲ್ಲಿ ಕೇಳಿಸಿಕೊಳ್ಳುವುದರಲ್ಲೇ ಅರ್ಧ ಅಭಿನಯ ಮುಗಿಸುತ್ತಾನೆ. ನನ್ನ ಲೆಕ್ಕದಲ್ಲಿ ದತ್ ತೆರೆಯ ಮೇಲೆ ಮಾಡಿದ ಅತ್ಯುತ್ತಮ ಕೆಲಸ ಇದು.

ಕೊನೆಯ ವರ್ಷಗಳು

1977ರಲ್ಲಿ ಎಡರಂಗ ಬಂಗಾಳದ ಅಧಿಕಾರ ಹಿಡಿದ ಮೇಲೆ ದತ್ ಎದುರಿನ ಯಜಮಾನ ಬದಲಾಗಿದ್ದ; ಈಗ ಇದ್ದದ್ದು ತಮ್ಮದೇ ಸರ್ಕಾರ. ಆ ಸರ್ಕಾರದ ಮೇಲೆ ‘ಕಲ್ಲೋಲ್’ನಂಥ ನಾಟಕ ಅವರಿಂದ ಬರಲಿಲ್ಲವೆಂಬ ಆಕ್ಷೇಪ ಉಂಟು, ಅದನ್ನು ತಳ್ಳಿಹಾಕುವುದು ಕಷ್ಟ. ಪೂರ್ವ ಯೂರೋಪಿನ ಕಮ್ಯುನಿಸ್ಟ್ ಆಳ್ವಿಕೆಗಳು ಕುಸಿದಾಗ ‘ಲಾಲ್ ದುರ್ಗ’ (1990) ಬರೆದರು. ಮತೀಯ ರಾಜಕಾರಣ ಏರುತ್ತಿದ್ದಾಗ ‘ಜನತಾರ್ ಆಫಿಮ್’. 1990ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಫೆಲೋಶಿಪ್ ಬಂತು. 1993ರ ಆಗಸ್ಟ್ 19ರಂದು ಕಲ್ಕತ್ತೆಯಲ್ಲಿ ತೀರಿಕೊಂಡರು. ಗೌತಮ್ ಘೋಷರ ‘ಪದ್ಮಾ ನದೀರ್ ಮಾಝಿ’ಯ ಹುಸೇನ್ ಮಿಯಾ ಕೊನೆಯ ದೊಡ್ಡ ಪಾತ್ರಗಳಲ್ಲೊಂದು.

1985ರ ‘ಆಜ್‌ಕೇರ್ ಶಾಜಹಾನ್’ ಬಗ್ಗೆ ಇನ್ನೊಂದು ಮಾತು. ಮೂಲೆ ಸೇರಿದ ಹಳೆಯ ರಂಗನಟನೊಬ್ಬ ಸಿನಿಮಾ ಕ್ಯಾಮೆರಾದ ಎದುರು ಬಂದು ನಿಲ್ಲುವ ನಾಟಕವದು. ಋತುಪರ್ಣೋ ಘೋಷ್ 2007ರಲ್ಲಿ ಅದನ್ನು ಆಧರಿಸಿ ‘ದ ಲಾಸ್ಟ್ ಲಿಯರ್’ ಎಂಬ ಇಂಗ್ಲಿಷ್ ಚಿತ್ರ ಮಾಡಿದರು. ಮುದಿ ಷೇಕ್ಸ್‌ಪಿಯರ್ ನಟನಾದವರು ಅಮಿತಾಭ್ ಬಚ್ಚನ್. ದತ್ ನಾಟಕಗಳು ಬಂಗಾಳಿಯಲ್ಲಿ ‘ನಾಟಕ ಸಮಗ್ರ’ ಸಂಪುಟಗಳಾಗಿ ಸಿಗುತ್ತವೆ. ಇಂಗ್ಲಿಷಿನಲ್ಲಿ ‘ಮಾನುಷೇರ್ ಅಧಿಕಾರೇ’ ಮತ್ತು 1857ರ ದಂಗೆಯ ‘ಮಹಾವಿದ್ರೋಹ’ ಕಲ್ಕತ್ತೆಯ ಸೀಗಲ್ ಪ್ರಕಾಶನದಿಂದ ಬಂದಿವೆ. ಬಂಗಾಳಿ ಬಾರದವರು ‘ಭುವನ್ ಶೋಮ್’, ‘ಹೀರಕ್ ರಾಜಾರ್ ದೇಶೇ’ ಮತ್ತು ‘ಆಗಂತುಕ್’ ಚಿತ್ರಗಳನ್ನು ಇದೇ ಕ್ರಮದಲ್ಲಿ ನೋಡಿದ ಮೇಲೆ ಈ ನಾಟಕಗಳನ್ನು ಕೈಗೆತ್ತಿಕೊಂಡರೆ, ಪುಟದ ಮೇಲಿನ ಮಾತಿಗೆ ದನಿ ಯಾವುದೆಂದು ಹುಡುಕಬೇಕಾಗಿಲ್ಲ.